ಮಡಚಿ ಕರಿದ ಜೋಳದ ರೊಟ್ಟಿ

ಇದು ಬರೀ ರೊಟ್ಟಿಯ ಮಾತು, ಹೇಳುವಷ್ಟು ದೊಡ್ಡದಲ್ಲ, ಹೇಳಹೊರಟದ್ದಕ್ಕೆ ಕ್ಷಮೆಯಿರಲಿ — ಬಾಣಲೆಯ ಅಂಚಿನಲ್ಲಿ ಒಂದು ಗುಳ್ಳೆ ಎದ್ದು ಒಡೆಯಿತು, ಇನ್ನೊಂದು ಎದ್ದಿತು, ಕಾದಿದೆಯೋ ಇಲ್ಲವೋ, ಕೆರಿಯಮ್ಮ ಹಿಟ್ಟಿನ ಚೂರೊಂದನ್ನು ಬಿಟ್ಟು ನೋಡಿದಳು, ಅದು ತಳ ಸೇರಿ ಸುಮ್ಮನೆ ಕೂತಿತು, ಇಲ್ಲ, ಇನ್ನೂ ಕಾಯಬೇಕು, ಅವಸರ ಮಾಡಿದರೆ ರೊಟ್ಟಿ ಎಣ್ಣೆ ಕುಡಿಯುತ್ತೆ ಅಕ್ಕ ಎಂದು ಎಲೆನಾ ಹೇಳಿದ್ದಳು, ಅವಸರ ಮಾಡದಿದ್ದರೆ ತೀರ್ಥಹಳ್ಳಿ ಬಸ್ಸು ಬಂದುಬಿಡುತ್ತದೆ, ಅದು ಇಲ್ಲಿ ಹೊಸನಗರದಲ್ಲಿ ನಿಲ್ಲುವುದೇ ಇಪ್ಪತ್ತು ನಿಮಿಷ, ಡ್ರೈವರು ಕಾಫಿ ಕುಡಿಯುವಷ್ಟು ಹೊತ್ತು, ಆಮೇಲೆ ಸಾಗರ, ರೈಲು, ಬೆಂಗಳೂರು, ವಿಮಾನ, ಆಮೇಲೆ ಮುಗಿಯಿತು. ಶನಿವಾರ ಬರ್ತೇನೆ, ಟಾಕೋ ಮಾಡು ಅಕ್ಕ, ಅದೇ ನಮ್ಮ ಮಡಚಿ ಕರಿದ ರೊಟ್ಟಿ, ಊರಿಗೆ ಹೋಗುವ ಮುಂಚೆ ನಿನ್ನ ಕೈಯ ಊಟ — ದುಂಡು ದುಂಡು ಅಕ್ಷರದ ಎಲೆನಾಳ ಆ ಕಾಗದವನ್ನು ಕೆರಿಯಮ್ಮ ಯಾರ ಕೈಯಲ್ಲೂ ಓದಿಸಲಿಲ್ಲ, ತಾನೇ ಓದಿದಳು, ಹೇರಂಬ ಮೇಷ್ಟ್ರ ಸಂಜೆ ಶಾಲೆಯಲ್ಲಿ ಒಂದೇ ಬೆಂಚಿನಲ್ಲಿ ಕೂತು ಅ ಆ ತಿದ್ದಿದವರಲ್ಲವೇ ಇಬ್ಬರೂ, ಗಂಡ ಸತ್ತು ಅಡುಗೆ ಕೆಲಸಕ್ಕೆ ನಿಂತ ಮೂವತ್ತೆಂಟರ ಇವಳು, ಕೋಳಿ ಸಾಕುವುದನ್ನು ಕಲಿಸಲು ಅಮೆರಿಕದಿಂದ ಬಂದ ಇಪ್ಪತ್ತಮೂರರ ಅವಳು, ಒಂದೂವರೆ ವರ್ಷ ಈ ಎರಡು ಕೋಣೆಯ ಬಿಡಾರದಲ್ಲಿ ಒಂದೇ ಒಲೆ, ಆಮೇಲೆ ಅವಳಿಗೆ ಮೇಳಿಗೆ ಕಡೆಗೆ ವರ್ಗವಾಯಿತು, ಎಂಟು ತಿಂಗಳಾಯಿತು, ಈಗ ಇಲ್ಲಿ ಮಾತಾಡುವುದು ಕೋಳಿಗಳ ಜೊತೆ, ಅವೂ ಕಾಳು ಹಾಕುವವರೆಗೆ ಮಾತ್ರ ಕೇಳುತ್ತವೆ.

ಈಗ ಚೂರು ತೇಲಿತು, ಸುತ್ತ ನೊರೆ ಕಟ್ಟಿತು, ಹಾಕು, ಒಂದು ರೊಟ್ಟಿ, ನಿಧಾನ, ಮೆತ್ತಗಾಗುವವರೆಗೆ ಎರಡು ಉಸಿರು, ಇಕ್ಕಳದಲ್ಲಿ ಹಿಡಿದು ಅರ್ಧಕ್ಕೆ ಮಡಚು, ನಡುವೆ ಸೌಟಿನ ಹಿಡಿ ಅಡ್ಡ ಇರಲಿ, ಬಾಯಿ ಮುಚ್ಚಿಕೊಳ್ಳಬಾರದು, ಒಂದು ಮಗ್ಗುಲು ಕೆಂಪಾದ ಮೇಲೆ ಇನ್ನೊಂದು — ಒಡೆಯಲಿಲ್ಲ, ಅಯ್ಯೋ ದೇವರೇ, ಒಡೆಯಲಿಲ್ಲ, ಬೋರಲು ಹಾಕಿದಳು, ಎಣ್ಣೆ ಇಳಿಯಲಿ. ಮೊನ್ನೆ ರಾತ್ರಿಯೇ ಮೆಕ್ಕೆಜೋಳದ ಕಾಳು ಬೇಯಿಸಿ ಸುಣ್ಣದ ನೀರಿನಲ್ಲಿ ನೆನೆಸಿದ್ದಳು, ನಿನ್ನೆ ತಟ್ಟಿ ಆರಲು ಹರಡಿದ್ದಳು, ಮೊದಲ ಸಲ ಎಲೆನಾ ಎಲೆಯಡಿಕೆ ತಟ್ಟೆಯ ಸುಣ್ಣ ತೆಗೆದು ಪಾತ್ರೆಗೆ ಕದಡಿದಾಗ ಇವಳು ಕೈಯನ್ನೇ ಹಿಡಿದುಕೊಂಡಿದ್ದಳು, ಎಂತ ಮಾರಾಯ್ತಿ ಇದು, ಗೋಡೆಗೆ ಬಳಿಯೋದನ್ನ ಅಡುಗೆಗೆ ಹಾಕ್ತಾರಾ, ಹೊಟ್ಟೆ ಸುಟ್ಟು ಹೋಗ್ತದೆ, ನೀನು ದಿನಾ ಬಾಯಿಗೆ ಹಾಕ್ತೀಯಲ್ಲ ಅಕ್ಕ, ಸುಟ್ಟಿದೆಯಾ, ಇಬ್ಬರೂ ನಕ್ಕದ್ದು ಎಷ್ಟು, ಸಿಪ್ಪೆ ತಿಕ್ಕಿ ತೊಳೆದು ಒರಳಿನಲ್ಲಿ ರುಬ್ಬಿ ತಟ್ಟಿ ಬೇಯಿಸಿದರೆ ಮಳೆ ಬಿದ್ದ ಮಣ್ಣಿನ ಘಮ, ನಮ್ಮಜ್ಜಿ ಮನೆ ವಾಸನೆ ಎಂದು ಅವಳು ಕಣ್ಣು ಮುಚ್ಚುತ್ತಿದ್ದಳು, ಮೆಕ್ಸಿಕೋದಿಂದ ಬಂದ ಅಜ್ಜಿಯಂತೆ, ಆದರೆ ಕರಿಯುವುದಕ್ಕೆ ಬಿಸಿ ರೊಟ್ಟಿ ಆಗುವುದಿಲ್ಲ, ಒಂದು ದಿನ ಆರಬೇಕು, ಅಂಚು ಬಿರುಸಾಗಬೇಕು, ಅದೇ, ಅದೇ ಆಗ ಇವಳ ತಲೆಗೆ ಹೋಗಲಿಲ್ಲ.

ಹೋಗುವುದಾದರೂ ಹೇಗೆ, ಅತ್ತೆ ಹುಲಿಯಮ್ಮ ಸಾಯುವವರೆಗೂ ಹೇಳಿದ್ದು ಒಂದೇ, ಹೊರಟವರಿಗೆ ತಂಗಳು ಹಾಕಬೇಡ, ತಂಗಳು ತಿಂದು ಹೋದವರು ಆ ಹೊಸ್ತಿಲಿಗೆ ತಿರುಗಿ ಬರಲ್ಲ, ರೊಟ್ಟಿ ಬಿರುಸಾದರೆ ಮಾಡಿದವಳಿಗೆ ಅವಮಾನ, ಒದ್ದೆ ಬಟ್ಟೆ ಮುಚ್ಚಿಡು. ವರ್ಗವಾಗಿ ಹೊರಡುವ ದಿನ ಬೆಳಿಗ್ಗೆ ಮೊರದಲ್ಲಿ ಹನ್ನೆರಡು ರೊಟ್ಟಿ ಕಂಡವು, ಹಿಂದಿನ ದಿನ ಎಲೆನಾ ತಾನೇ ತಟ್ಟಿ ಆರಲು ಹರಡಿದ್ದು, ಅಂಚೆಲ್ಲ ಸೆಟೆದಿದ್ದವು, ಪಾಪ, ಹುಡುಗಿಗೆ ಮುಚ್ಚಿಡುವುದು ತಿಳಿದಿಲ್ಲ, ಅವಳು ಸ್ನಾನಕ್ಕೆ ಹೋದಾಗ ಇವಳು ಮುರಿದು ಕೋಳಿಗಳಿಗೆ ಹಾಕಿ ಹೊಸದು ತಟ್ಟಿದಳು, ಮೆತ್ತಗೆ, ಹೂವಿನಂತೆ, ಅವು ಎಣ್ಣೆಯಲ್ಲಿ ಉಬ್ಬಿ, ಮಡಚಿದರೆ ಹರಿದು — ನನ್ನ ರೊಟ್ಟಿ ಎಲ್ಲಿ ಅಕ್ಕ, ತಂಗಳಾಗಿತ್ತು, ಕೋಳಿಗೆ ಹಾಕ್ದೆ, ಅಷ್ಟಕ್ಕೇ ನಿಲ್ಲಿಸಬಾರದಿತ್ತೇ, ನಗಿಸಲು ಹೋಗಿ ಅಂದಳು, ಕೋಳಿ ತಿನ್ನೋ ಜೋಳ ಕೋಳಿಗೆ ಹೋಯ್ತು, ಎಂತ ಆಯ್ತೀಗ. ಎಲೆನಾ ನಗಲಿಲ್ಲ. ಖಾಲಿ ಮೊರವನ್ನು ಎರಡೂ ಕೈಯಲ್ಲಿ ಎದೆಗೆ ಹಿಡಿದು ಅಂಗಳ ನೋಡುತ್ತ ನಿಂತಳು, ಕೂದಲಿನ ನೀರು ಮೊರಕ್ಕೆ ಟಪ್ ಟಪ್. ಏನೂ ತಿನ್ನದೆ ಬಸ್ಸು ಹತ್ತಿದಳು. ವಾರ ಕಳೆದ ಮೇಲೆ ಹೇರಂಬ ಮೇಷ್ಟ್ರು, ನಿಂಗೆ ಗೊತ್ತಿಲ್ವಾ ಕೆರಿಯಮ್ಮ, ಆ ಹುಡುಗಿಗೆ ಹೊರಡೋ ಮುಂಚೆ ಊರಿಂದ ತಂತಿ ಬಂದಿತ್ತು, ಅಜ್ಜಿ ತೀರಿಕೊಂಡ್ರಂತೆ, ಅವರ ಹೆಸರಲ್ಲಿ ಏನೋ ಮಾಡ್ತೀನಿ ಅಂತಿದ್ಲು — ಎಡೆ, ಸತ್ತವರಿಗೆ ಇಡುವ ಎಡೆ, ಅದನ್ನು ಮುರಿದು ಕೋಳಿಗೆ. ನಾಲ್ಕು ಸಲ ಕಾಗದ ಬರೆದಳು, ತಪ್ಪಾಯ್ತು ಎಂದು ಬರೆದು ನೋಡಿದರೆ ಪಾತ್ರೆ ಒಡೆದವಳ ಮಾತಿನಂತೆ ಕಂಡಿತು, ನಾಲ್ಕೂ ಒಲೆಗೆ.

ಹಾರನ್ನು. ಬಂತು. ಆರು ರೊಟ್ಟಿ, ಆರೂ ಗಟ್ಟಿ, ಒಳಗೆ ಕೋಳಿ ಪಲ್ಯ, ಈರುಳ್ಳಿ, ಸೂಜಿಮೆಣಸು, ಬಾಗಿಲಲ್ಲಿ ಎಲೆನಾ, ಕಪ್ಪಾಗಿದ್ದಾಳೆ, ತೆಳ್ಳಗಾಗಿದ್ದಾಳೆ, ಅಕ್ಕಾ ಎಂದು ತಬ್ಬಿದಳು, ಹಿಂದೆಯೇ ಕಂಡಕ್ಟರ್ ಜಟ್ಟಿಂಗಪ್ಪ, ಏನ್ ಕೆರಿಯಮ್ಮ, ಹಪ್ಪಳಕ್ಕೆ ಸೊಂಟ ಮುರಿದಿದೆಯಲ್ರೀ, ಒಂದು ಇತ್ಲಾಗೆ ಬರ್ಲಿ, ಎತ್ತಿಕೊಂಡು ಹೊರಗೆ ಹೋದ, ಎಲೆನಾ ಕಚ್ಚಿದಳು, ಕರಂ ಎಂದಿತು, ಆ ಸದ್ದಿಗೆ ಕೆರಿಯಮ್ಮ ಎಂಟು ತಿಂಗಳಿಂದ ಕಾದಿದ್ದಳು, ಎಲೆನಾ ಒಂದು ತಿಂದಳು, ಎರಡು, ಮೂರು, ಗಲ್ಲಕ್ಕೆ ರಸ ಇಳಿಯಿತು, ತಂಗಳು ರೊಟ್ಟಿದೇ ಮಾಡಿದ್ದೀನಿ ಎಂದಳು ಕೆರಿಯಮ್ಮ, ಗೊತ್ತಾಯ್ತು ಅಕ್ಕ, ತುಂಬಾ ಚೆನ್ನಾಗಿದೆ, ಈಗ ಹೇಳು, ಈಗ ಹೇಳದಿದ್ದರೆ ಇನ್ನು ಯಾವತ್ತೂ ಇಲ್ಲ, ಎಲೆನಾ, ಅವತ್ತು ನಿನ್ನ ರೊಟ್ಟಿ ಕೋಳಿಗೆ ಹಾಕಿದ್ನಲ್ಲ — ಯಾವ ರೊಟ್ಟಿ ಅಕ್ಕ, ಬಾಯಿ ಒರೆಸಿಕೊಳ್ಳುತ್ತ ಕೇಳಿದಳು, ಕಣ್ಣು ಇವಳ ಮೇಲಿರಲಿಲ್ಲ, ಪಾತ್ರೆಯ ಮೇಲಿತ್ತು, ಹೊರಗಿನಿಂದ ಜಟ್ಟಿಂಗಪ್ಪ, ಬರ್ರೀ ಅಮ್ಮಾವ್ರೇ, ರೈಲು ನಿಮ್ಮ ಮಾವಂದಲ್ಲ, ಮತ್ತೆ ಹಾರನ್ನು, ಮತ್ತೆ ತಬ್ಬಿದ್ದು, ಹೆಗಲ ಮೇಲೆ ಅವಳ ಗಲ್ಲ, ಬರ್ತೀನಿ ಅಕ್ಕ ಎಂದಳು, ಬಸ್ಸು ಸಾಗರದ ದಾರಿ ಹಿಡಿಯಿತು. ಪಾತ್ರೆಯಲ್ಲಿ ಎರಡು ಉಳಿದಿವೆ, ತಿನ್ನಬೇಕು, ಆಮೇಲೆ, ಅಜ್ಜಿಯ ಎಡೆಯನ್ನು ಯಾರಾದರೂ ಮರೆಯುತ್ತಾರೆಯೇ, ಮರೆಯಬಹುದು, ಚಿಕ್ಕ ಹುಡುಗಿ, ಅಥವಾ ನನಗೆ ನೋವಾಗಬಾರದೆಂದು, ಅಥವಾ ಕ್ಷಮಿಸಲು ಮನಸ್ಸಿಲ್ಲದೆ, ಎದೆಗೆ ಹಿಡಿದ ಖಾಲಿ ಮೊರ, ಟಪ್ ಟಪ್ ನೀರು, ಯಾವ ರೊಟ್ಟಿ ಅಕ್ಕ, ಮರೆತಳೋ, ಮರೆತವಳಂತೆ ಕೇಳಿದಳೋ, ಕೆರಿಯಮ್ಮನಿಗೆ ಗೊತ್ತಿಲ್ಲ, ಖಾಲಿ ಮೊರ, ಎರಡು ಕೈ, ಗೊತ್ತಿಲ್ಲ.