ಒಂಬತ್ತನೇ ಅಂಕಣ

ಚೊಂಬಿನ ನೀರನ್ನು ಅವಳು ತೂತು ಬ್ಲಾಕಿನ ಗೋಡೆಯ ಎದೆಮಟ್ಟದ ಸಾಲಿನ ಒಂದು ತೂತಿಗೆ ಸುರಿದಳು. ನೀರು ಹೊರಗೆ ಚೆಲ್ಲಲಿಲ್ಲ. ಗೋಡೆಯೊಳಗೆ ಹರಿದು, ಆಚೆ ಬದಿಯಲ್ಲಿ ಕೈಕಟ್ಟಿ ನಿಂತಿದ್ದ ಇಂಜಿನಿಯರನ ಬೂಟಿನ ಮೇಲೆ ಬಿತ್ತು.

“ಬಂತಾ ಸಾರ್?”

“ಬಂತು.”

“ಸಾಕಾ, ಇನ್ನೊಂದು ಚೊಂಬು ಹಾಕ್ಲಾ?”

“ಸಾಕಮ್ಮ. ನಂಗೂ ಕಣ್ಣಿದೆ.”

“ಕಣ್ಣು ಆವತ್ತೂ ಇತ್ತಲ್ಲ ಸಾರ್.”

ಬಕೆಟ್ಟು ಎತ್ತಿಕೊಂಡು ಅವಳು ಗೋಡೆಯ ಉದ್ದಕ್ಕೂ ನಡೆದಳು. ಕಂಬದಿಂದ ಕಂಬಕ್ಕೆ ಒಂದು ಅಂಕಣ, ಒಟ್ಟು ಒಂಬತ್ತು. ಕೊನೆಯ ಅಂಕಣದ ಮುಂದೆ ನಿಂತು ಅದೇ ಎತ್ತರಕ್ಕೆ ಇನ್ನೊಂದು ಚೊಂಬು ಸುರಿದಳು. ಈ ಸಲ ನೀರು ಹೋದ ದಾರಿಯಲ್ಲೇ ತಿರುಗಿ ಬಂದು ಅವಳದೇ ಪಾದ ತೋಯಿಸಿತು.

“ಇಲ್ಲಿ ಬಂತಾ?”

ಒಳಗೆ ಬೂಟಿನ ಸದ್ದು ಅವಳ ಎದುರಿಗೆ ಬಂದು ನಿಂತಿತು.

“ಇಲ್ಲ.”

“ಒಂದು ಹನಿ?”

“ಇಲ್ಲ ಅಂದ್ನಲ್ಲ ಮೇಸ್ತ್ರಿಯಮ್ಮ. ಈಗ ಈ ಅಂಕಣದ್ದೇ ತಕರಾರು.”

ಇಂಜಿನಿಯರು ಸುತ್ತು ಹಾಕಿ ಹೊರಗೆ ಬಂದ. ಬೂಟು ಪಚಪಚ ಅನ್ನುತ್ತಿತ್ತು. ಕೈಯಲ್ಲಿದ್ದ ಹಾಳೆಯನ್ನು ಅವಳಿಗೆ ಕೊಟ್ಟು ಮುಖವನ್ನು ಬೇರೆ ಕಡೆ ತಿರುಗಿಸಿಕೊಂಡ. ಕಟ್ಟಡದಲ್ಲಿ ಸರಿಪಡಿಸಬೇಕಾದ ದೋಷಗಳ ಪಟ್ಟಿ ಅದು. ಮೊದಲನೆಯದೇ ಹೀಗಿತ್ತು: ‘ಒಂಬತ್ತನೇ ಅಂಕಣ. ಬ್ಲಾಕುಗಳನ್ನು ನಕ್ಷೆಗೆ ವಿರುದ್ಧವಾಗಿ ಕೂರಿಸಲಾಗಿದೆ. ಬಿಚ್ಚಿ ಮತ್ತೆ ಕಟ್ಟತಕ್ಕದ್ದು.’

ಅವಳು ಎರಡು ಸಲ ಓದಿದಳು.

“ಸೋರೋ ಎಂಟು ಅಂಕಣ ಸರಿ. ಸೋರದೇ ಇರೋ ಒಂದು ತಪ್ಪು.”

“ನಕ್ಷೆ ಪ್ರಕಾರ ಹಾಗೆ.”

“ನಕ್ಷೆಗೇನು ಸಾರ್, ಅದು ನೆನೆಯಲ್ಲ.”

ಆಸ್ಪತ್ರೆಯ ಹೊರರೋಗಿಗಳ ಹಾಲ್ ಅದು. ಹಳೆಯ ಜಾಗ ಸಾಲದೆ, ಉದ್ಘಾಟನೆಗೆ ಮೊದಲೇ ಜನರನ್ನು ಒಳಗೆ ಬಿಟ್ಟಿದ್ದರು. ಮೊನ್ನೆ ಈ ವರ್ಷದ ಮೊದಲ ದೊಡ್ಡ ಮಳೆ ಬಂದಾಗ ಎಂಟು ಅಂಕಣಗಳ ಬೆಂಚುಗಳ ಮೇಲೆ ಕೂತಿದ್ದ ಬಾಣಂತಿಯರು, ಮುದುಕರು, ಕೈಗೆ ಬ್ಯಾಂಡೇಜು ಸುತ್ತಿಕೊಂಡವರು ಎಲ್ಲರ ಮಡಿಲಿಗೂ ನೀರು ಸುರಿದಿತ್ತು. ಎಲ್ಲರೂ ಎದ್ದು ಒಂಬತ್ತನೇ ಅಂಕಣಕ್ಕೆ ಓಡಿ, ಬಸ್ಸಿನಲ್ಲಿ ನಿಂತ ಹಾಗೆ ಒತ್ತಿಕೊಂಡು ನಿಂತಿದ್ದರು.

ಈ ಗೋಡೆಯ ಮೂಲ ಆಸ್ಪತ್ರೆಯ ಹಿತ್ತಲಲ್ಲೇ ಇತ್ತು. ಪರದೇಶದ ಸರ್ಕಾರ ಇದ್ದ ಕಾಲದಲ್ಲಿ ಕಟ್ಟಿದ ಆಸ್ಪತ್ರೆಯ ದೊಡ್ಡ ಕಟ್ಟಡದಲ್ಲಿ ಕೋಣೆಗೊಂದು ಬೆಂಕಿಗೂಡು ಇಟ್ಟಿದ್ದರು. ವರ್ಷವಿಡೀ ಬೆವರು ಇಳಿಯುವ ಊರಿನಲ್ಲಿ. ಅವುಗಳಲ್ಲಿ ಬೆಕ್ಕುಗಳು ಮರಿ ಹಾಕುತ್ತಿದ್ದವು. ಬೇರೆ ಉಪಯೋಗ ಯಾರಿಗೂ ಹೊಳೆದಿರಲಿಲ್ಲ. ಆ ಸರ್ಕಾರ ಗಂಟುಮೂಟೆ ಕಟ್ಟಿದ ಮೇಲೆ ಬಂದ, ಈ ದೇಶದವನೇ ಆದ ಮೊದಲ ಇಂಜಿನಿಯರನಿಗೆ ಒಂದು ಹಾಲ್ ಬೇಕಿತ್ತು, ಕೈಯಲ್ಲಿ ಗಾಜಿರಲಿಲ್ಲ, ಸಿಮೆಂಟೂ ಅರೆಬರೆ. ಯಾವುದೋ ಪತ್ರಿಕೆಯಲ್ಲಿ, ಯಾವುದೋ ಬೇರೆ ಸೆಕೆಯ ದೇಶದ ಶಾಲೆಯ ಚಿತ್ರ ನೋಡಿ, ಹರಿದುಕೊಂಡು ಬಂದು ಇಪ್ಪತ್ತು ವರ್ಷದ ಒಬ್ಬ ಗಾರೆಯವನಿಗೆ ತೋರಿಸಿದ್ದ. ಆ ಗಾರೆಯವನೇ ಅವಳ ಸೋದರಮಾವ. ಔಷಧದ ಪೆಟ್ಟಿಗೆಗಳ ಹಲಗೆ ಬಿಚ್ಚಿ ಅಚ್ಚು ಮಾಡಿದ, ತೂತು ಬ್ಲಾಕು ಎರೆದ, ಗೋಡೆ ಎಬ್ಬಿಸಿದ. ಮೊದಲ ಮಳೆಗೆ ಇದೇ ಗತಿಯಾಯಿತು, ನೀರೆಲ್ಲ ಒಳಗೆ. ಮಾವ ಅಷ್ಟನ್ನೂ ಕೆಡವಿ, ಪ್ರತಿ ತೂತಿಗೂ ಒಂದು ಬೆರಳಿನಷ್ಟು ಇಳಿಜಾರನ್ನು ಹೊರಮುಖಕ್ಕೆ ಕೊಟ್ಟು ಮತ್ತೆ ಕಟ್ಟಿದ. ಗಾಳಿ ಒಳಕ್ಕೆ, ನೀರು ಹೊರಕ್ಕೆ. ಇಡೀ ವಿದ್ಯೆ ಅಷ್ಟೇ. ಒಂದು ಬೇಸಿಗೆ, ಒಂದು ಮಳೆಗಾಲ, ಒಬ್ಬ ಮನುಷ್ಯನ ಹಟ.

ಹೊಸ ಹಾಲಿನ ನಕ್ಷೆ ಬರೆದ ಕಂಪನಿಯ ಪುಸ್ತಿಕೆಯಲ್ಲಿ ಇದು ‘ಸಾವಿರ ವರ್ಷಗಳ ಜಾಲಂಧ್ರ ಪರಂಪರೆ’ ಎಂದಿತ್ತು. ಗೋಡೆಗೆ ‘ಉಸಿರಾಡುವ ಗೋಡೆ’ ಎಂದು ಹೆಸರಿಟ್ಟಿದ್ದರು. ಕಂಪನಿಯ ಮುಖ್ಯ ಕಚೇರಿ ಹಿಮ ಬೀಳುವ ಒಂದು ದೇಶದಲ್ಲಿತ್ತು. ಅಲ್ಲಿಂದ ಬಂದವರು ಮೂರು ಕಾಲಿನ ಯಂತ್ರ ನಿಲ್ಲಿಸಿ ಹಳೆಯ ಗೋಡೆಯನ್ನು ಕೂದಲೆಳೆಯಷ್ಟೂ ಬಿಡದೆ ಅಳೆದಿದ್ದರು. ಅಳತೆ ಸರಿಯಾಗಿಯೇ ಇತ್ತು. ಅಳೆಯಲು ನಿಂತ ಜಾಗ ತಪ್ಪಾಗಿತ್ತು. ಹಳೆಯ ಹಾಲಿನ ಮಾಡು ಬಿದ್ದು ಹತ್ತು ವರ್ಷವಾಗಿ ಅದು ಹುಲ್ಲು ಬೆಳೆದ ಅಂಗಳದಂತೆ ಕಾಣುತ್ತಿತ್ತು. ಗೋಡೆಯ ಆಚೆ ಬದಿಗೆ ಯಾರೋ ಔಷಧ ದಾಸ್ತಾನಿನ ಕೋಣೆಯನ್ನು ಅಂಟಿಸಿದ್ದರು. ಬಂದವರು ಅಂಗಳವೇ ಹೊರಗು, ಕೋಣೆಯೇ ಒಳಗು ಅಂದುಕೊಂಡರು. ಹಿತ್ತಲು ಗುಡಿಸುವವಳನ್ನು ಕೇಳಿದ್ದರೂ ಹೇಳುತ್ತಿದ್ದಳು. ಕೇಳಲಿಲ್ಲ.

ಹಾಗಾಗಿ ಕಾರ್ಖಾನೆಯಿಂದ ಬಂದ ಸಾವಿರದ ನೂರು ಬ್ಲಾಕುಗಳ ಮೇಲೂ ‘ಹೊರಮುಖ’ ಎಂದು ಬಾಣ ಹಾಕಿತ್ತು, ಪ್ರತಿಯೊಂದು ಬಾಣವೂ ಉಲ್ಟಾ.

ಮೊದಲ ದಿನವೇ ಅವಳು ಹೇಳಿದ್ದಳು. ಇಂಜಿನಿಯರು ಕತ್ತು ಕೆರೆದುಕೊಂಡು, “ನೀವು ಹೇಳೋದು ಸರಿ ಇರಬಹುದು. ಆದ್ರೆ ಅಲ್ಲಿಂದ ಮಂಜೂರಾಗಿ ಬಂದಿದೆ. ನೀವು ಕಟ್ಟಲ್ಲ ಅಂದ್ರೆ ಬೇರೆ ತಂಡ ಬರುತ್ತೆ” ಅಂದಿದ್ದ. ಅವಳ ಕೈಕೆಳಗೆ ಹನ್ನೆರಡು ಜನ ಇದ್ದರು. ಅವಳು ಕಟ್ಟಿದಳು. ಒಂದೊಂದು ಬ್ಲಾಕು ಕೂರಿಸುವಾಗಲೂ, ಗೊತ್ತಿದ್ದೂ ಗೊತ್ತಿದ್ದೂ, ಎಂಟು ಅಂಕಣ. ಒಂಬತ್ತನೆಯದಕ್ಕೆ ಬಂದಾಗ ಇಂಜಿನಿಯರು ರಜೆ ಹಾಕಿದ್ದ. ಅವಳು ಬಾಣಗಳನ್ನೆಲ್ಲ ತಿರುಗಿಸಿ ಕೂರಿಸಿದಳು. ಆ ದಿನ ಕೆಲಸ ಬೇಗ ಮುಗಿಯಿತು.

ಮಳೆಯ ದಿನ ಮಂಡಿನೋವಿನ ಚೀಟಿ ಹಿಡಿದು ಆಸ್ಪತ್ರೆಗೆ ಹೋಗಿದ್ದ ಮಾವ ಸಂಜೆ ತೊಯ್ದ ಪಂಚೆಯಲ್ಲೇ ಮನೆಗೆ ಬಂದ. ಎಂಬತ್ತು ದಾಟಿದ ಮನುಷ್ಯ, ಕಿವಿ ಮಂದ, ನಾಲಿಗೆ ಮಾತ್ರ ಗಾರೆಯ ಹೊಸ ಕರಣೆಯ ಹಾಗೆ ಹರಿತ.

“ಅಲ್ಲೇ, ಎಂಟು ಅಂಕಣ ಕಟ್ಟಿದೋನು ಕತ್ತೆ. ಒಂಬತ್ತನೇದು ಕಟ್ಟಿದೋನಿಗೆ ಕೆಲಸ ಗೊತ್ತು. ಇಬ್ರು ಮೇಸ್ತ್ರಿ ಇಟ್ಟಿದ್ರಾ?”

ಅವಳು ತಟ್ಟೆ ಇಡುತ್ತಿದ್ದವಳು ಅಲ್ಲೇ ನಿಂತಳು.

“ಇಲ್ಲ ಮಾವ. ಇಬ್ರೂ ನಾನೇ.”

ಮಾವ ತಟ್ಟೆಯನ್ನು ಎರಡು ಬೆರಳಲ್ಲಿ ಹಿಂದಕ್ಕೆ ಸರಿಸಿದ. ಬೈಯಲಿಲ್ಲ. ಬೈದಿದ್ದರೆ ಚೆನ್ನಾಗಿತ್ತು. ಹತ್ತು ವರ್ಷದವಳಿದ್ದಾಗ ಅವಳ ಕೈಗೆ ಗೋಡೆಯ ನೇರ ನೋಡುವ ದಾರದ ತೂಗುಗುಂಡು ಕೊಟ್ಟವನು ಅವನೇ, ‘ಹೆಣ್ಣುಮಗಳಿಗೆ ಯಾಕೆ ಗಾರೆ’ ಅಂದವರಿಗೆ ‘ದಾರಕ್ಕೆ ಗಂಡು ಹೆಣ್ಣು ಗೊತ್ತಾಗಲ್ಲ’ ಅಂದವನೂ ಅವನೇ. ಆ ಸಂಜೆಯಿಂದ ಅವನು ಅವಳ ಜೊತೆ ಒಂದು ಮಾತೂ ಆಡಿರಲಿಲ್ಲ.

ಗೋಡೆಗೆ ಚೊಂಬಿನ ನೀರು ಸುರಿದ ದಿನ ಮಧ್ಯಾಹ್ನ ಸೈಟಿನ ತಗಡಿನ ಕಚೇರಿಗೆ ಕರೆ ಬಂತು. ಇಡೀ ಆವರಣದಲ್ಲಿ ಎ.ಸಿ. ಇದ್ದ ಒಂದೇ ಜಾಗ ಅದು. ಒಳಗೆ ಇಂಜಿನಿಯರಿದ್ದ, ಕಂಪನಿಯ ಆರ್ಕಿಟೆಕ್ಟ್ ಹುಡುಗಿಯಿದ್ದಳು. ಮೇಜಿನ ಮೇಲಿನ ಪರದೆಯಲ್ಲಿ ಬಿಳಿಗಡ್ಡದ ಒಬ್ಬ ದೊಡ್ಡ ಮನುಷ್ಯ, ಕತ್ತಿಗೆ ಉಣ್ಣೆಯ ಶಾಲು ಸುತ್ತಿಕೊಂಡು ಕೂತಿದ್ದ. ಗೋಡೆಯ ಕರ್ತೃ ಅಂದರೆ ಅವನೇ. ಅವನ ಮಾತನ್ನು ಹುಡುಗಿ ಇಲ್ಲಿಯ ಭಾಷೆಗೆ ತಿರುಗಿಸಿ ಹೇಳುತ್ತಿದ್ದಳು.

“ಅಕ್ಕಾ, ಸರ್ ನಿಮ್ಮ ಕೈಕೆಲಸಕ್ಕೆ ನಮಸ್ಕಾರ ಹೇಳ್ತಿದ್ದಾರೆ.”

“ಸಂತೋಷ. ಎಂಟು ಅಂಕಣ ತಿರುಗಿಸಿ ಕಟ್ಟೋಕೆ ಹದಿನಾಲ್ಕು ದಿನ ಸಾಕು ಅಂತ ಹೇಳಿ. ನನ್ನ ಕೂಲಿ ಬೇಡ, ಹುಡುಗರದ್ದು ಕೊಟ್ರೆ ಆಯ್ತು.”

ಹುಡುಗಿ ತಿರುಗಿಸಿದಳು. ಪರದೆಯಲ್ಲಿ ಗಡ್ಡ ಅಡ್ಡಡ್ಡ ಆಡಿತು.

“ಅದು ಆಗಲ್ವಂತೆ ಅಕ್ಕಾ. ತೂತು ಹೊರಗಡೆ ಕೆಳಮುಖ ಆದ್ರೆ ಒಳಗೆ ಬಿಸಿಲು ಬೀಳಲ್ಲ, ಕಪ್ಪಾಗಿ ಕಾಣುತ್ತೆ. ಈಗ ಬೆಳಕು ಬಿದ್ದು ಗೋಡೆ ಹೊಳೆಯುತ್ತೆ. ಆ ಫೋಟೋನೇ ಪ್ರಶಸ್ತಿಗೆ ಹೋಗಿರೋದು. ಅಚ್ಚೂ ಆಗಿದೆ.”

“ಹಾಗಾದ್ರೆ ನೀರು?”

“ಒಳಗಡೆಯಿಂದ ಒಂಬತ್ತಕ್ಕೂ ಗಾಜು ಹಾಕ್ತೀವಿ. ಪೂರ್ತಿ ಮುಚ್ಚಿಬಿಡುತ್ತೆ. ಒಂದು ಹನಿ ಬರಲ್ಲ.”

“ಗಾಳಿ?”

“ಎ.ಸಿ.”

“ಎಲ್ಲಿದೆ?”

ಹುಡುಗಿ ಇಂಜಿನಿಯರನ ಕಡೆ ನೋಡಿದಳು. ಅವನು ಪೆನ್ನಿನ ಟೋಪಿ ತೆಗೆದು ಮತ್ತೆ ಹಾಕಿದ.

“ಮುಂದಿನ ಹಂತದಲ್ಲಿ” ಅಂದ.

“ಯಾವಾಗ ಸಾರ್ ಅದು?”

“ಮಂಜೂರಾದಾಗ.”

ಅವಳಿಗೆ ನಗು ಬಂತು. ಅದು ನಗು ಅಲ್ಲ ಅನ್ನುವುದು ಎದುರಿನವರಿಗೆ ತಿಳಿಯಲಿ ಎಂದು ಸ್ವಲ್ಪ ಹೊತ್ತು ನಕ್ಕಳು. ಅವಳ ಕಣ್ಣೆದುರು ಆ ಬೆಂಚುಗಳು ಬಂದವು. ಗಾಜಿನ ಹಿಂದೆ ಸಾಲಾಗಿ ಕೂತ ಬಾಣಂತಿಯರು, ಮುದುಕರು, ಮಂಡಿ ನೀವಿಕೊಳ್ಳುತ್ತಿರುವ ಮಾವ. ಮುಂದೆ ಸಾವಿರದ ನೂರು ತೂತು, ಒಂದರಲ್ಲೂ ಉಸಿರಿಲ್ಲ.

“ಉಸಿರಾಡೋ ಗೋಡೆ ಅಂತ ಹೆಸರಿಟ್ರಿ. ಈಗ ಮೂಗಿಗೆ ಹತ್ತಿ ತುರುಕ್ತೀರಾ? ಮೂಗಿಗೆ ಹತ್ತಿ ಯಾರಿಗಿಡ್ತಾರೆ ಗೊತ್ತಲ್ಲ ಮೇಡಂ. ಇದನ್ನ ತಿರುಗಿಸಿ ಹೇಳಿ ಅವರಿಗೆ.”

ಹುಡುಗಿ ತಿರುಗಿಸಲಿಲ್ಲ. ಪರದೆಯ ಮನುಷ್ಯ ಏನೆಂದು ಕೇಳಿದ, ಅವಳು ಚಿಕ್ಕದಾಗಿ ಏನೋ ಹೇಳಿದಳು, ಅವನು ತಲೆದೂಗಿ ನಗುಮುಖ ಮಾಡಿದ. ಮೇಸ್ತ್ರಿಗೆ ಅದನ್ನು ನೋಡಿ ಇನ್ನೂ ಉರಿಯಿತು.

ಆಮೇಲೆ ಹುಡುಗಿ ಒಂದು ಹಾಳೆ ತೆಗೆದಳು. ಬೆವರದಿದ್ದರೂ ಹಣೆ ಒರೆಸಿಕೊಂಡಳು.

“ಅಕ್ಕಾ, ಪೂರ್ತಿ ಕೇಳಿಸ್ಕೊಳ್ಳಿ, ಆಮೇಲೆ ಬೈಯಿರಿ. ಬಾಗಿಲ ಹತ್ರ ಕಲ್ಲಿನ ಫಲಕದಲ್ಲಿ ನಿಮ್ಮ ಮಾವನ ಹೆಸರು, ಕೆಳಗೆ ನಿಮ್ಮ ಹೆಸರು. ಸರ್ ಇರೋ ದೇಶದಲ್ಲಿ ಒಂದು ಪ್ರದರ್ಶನ ಇದೆ, ನೀವು ವಿಮಾನದಲ್ಲಿ ಬಂದು ಜನರೆದುರು ನಾಲ್ಕು ಬ್ಲಾಕು ಕೂರಿಸಿ ತೋರಿಸಬೇಕು. ಇದೇ ಗೋಡೆ ಇನ್ನೂ ನಾಲ್ಕು ದೇಶದ ಆಸ್ಪತ್ರೆಗಳಲ್ಲಿ ಏಳುತ್ತೆ, ನಾಲ್ಕೂ ನಮ್ಮ ಥರ ಸೆಕೆಯ ದೇಶಗಳೇ. ನಾಲ್ಕಕ್ಕೂ ಪಾರಂಪರಿಕ ಸಲಹೆಗಾರರು ನೀವೇ.”

“ನಾಲ್ಕು ದೇಶದಲ್ಲೂ ಇದೇ ಉಲ್ಟಾ ಅಚ್ಚಾ?”

“ಅಚ್ಚು ಅದೇ.”

“ಅಲ್ಲೂ ಗಾಜು?”

“ಬೇಕಾದ ಕಡೆ.”

“ಹ್ಞೂಂ. ಹೇಳಿ.”

“ಅದಕ್ಕೆ ಎರಡೇ ಕೆಲಸ. ಒಂದು, ಉದ್ಘಾಟನೆ ಒಳಗೆ ಒಂಬತ್ತನೇ ಅಂಕಣ ಬಿಚ್ಚಿ ಉಳಿದದ್ದರ ಹಾಗೆ ಮಾಡೋದು. ಉದ್ಘಾಟನೆ ದಿನದ ಫೋಟೋದಲ್ಲಿ ಅದೊಂದೇ ಕಪ್ಪು ಹಲ್ಲಿನ ಹಾಗೆ ಕಾಣುತ್ತೆ. ಇನ್ನೊಂದು, ಇದಕ್ಕೆ ಸಹಿ.”

ಅವಳು ಹಾಳೆಯನ್ನು ಕೈಗೆ ತೆಗೆದುಕೊಂಡಳು. ಅಕ್ಷರ ಅಕ್ಷರವಾಗಿ ಓದಿದಳು. ‘ಬ್ಲಾಕುಗಳನ್ನು ಒಳಮುಖ ಇಳಿಜಾರಿನಲ್ಲಿ ಕೂರಿಸುವುದು ನಮ್ಮ ಮನೆತನದಲ್ಲಿ ತಲೆತಲಾಂತರದಿಂದ ಬಂದ ಪದ್ಧತಿ. ಅಲ್ಪ ಪ್ರಮಾಣದ ನೀರಿನ ಪ್ರವೇಶವು ಈ ಪಾರಂಪರಿಕ ತಂತ್ರದ ಸಹಜ ಗುಣವಾಗಿದೆ.’

ತಪ್ಪು ಮಾಡಿದವರು ಹಿಮದ ದೇಶದಲ್ಲಿ ಶಾಲು ಹೊದ್ದು ಕೂತಿದ್ದರು. ತಪ್ಪಿಗೆ ಈಗ ಒಂದು ಮನೆತನ ಬೇಕಾಗಿತ್ತು. ಅದನ್ನು ಇವಳ ಮನೆಯಲ್ಲಿ ಹುಡುಕಿಕೊಂಡಿದ್ದರು.

“ನೀವು ಇಲ್ಲಿಯೋರೇ ಅಲ್ವೇನಮ್ಮ?” ಎಂದು ಹುಡುಗಿಯನ್ನು ಕೇಳಿದಳು. ಮೇಡಂ ಅನ್ನುವುದು ತಾನಾಗಿಯೇ ಬಿದ್ದುಹೋಗಿತ್ತು.

“ಹೌದು ಅಕ್ಕಾ.”

“ನಿಮ್ಮ ಮನೇಲಿ ಮಳೆ ಬಂದ್ರೆ ನೀರು ಯಾವ ಕಡೆ ಹೋಗುತ್ತೆ?”

ಹುಡುಗಿಯ ಕಿವಿ ಕೆಂಪಾಯಿತು. “ನಂಗೆ ಗೊತ್ತಾಗಿತ್ತು” ಅಂದಳು, ಪರದೆಗೆ ಕೇಳಿಸದ ಹಾಗೆ. “ಬ್ಲಾಕು ಬಂದ ದಿನವೇ ಗೊತ್ತಾಯ್ತು. ಬರೆದು ಕಳಿಸಿದೆ. ನಕ್ಷೆ ಮಂಜೂರಾಗಿದೆ, ಸುಮ್ಮನಿರು ಅಂದ್ರು.”

“ಸುಮ್ಮನಿದ್ರಿ.”

“ನೀವೂ ಕಟ್ಟಿದ್ರಲ್ಲ ಅಕ್ಕಾ.”

ಆ ಮಾತು ಸರಿಯಾಗಿ ಕೂತಿತು, ದಾರ ಹಿಡಿದು ಇಟ್ಟ ಬ್ಲಾಕಿನ ಹಾಗೆ.

“ಕಟ್ಟಿದೆ. ಅದಕ್ಕೇ ನಮ್ಮ ಮಾವ ನನ್ನ ಕೈಯ ಅನ್ನ ತಿಂತಿಲ್ಲ.”

ಇಂಜಿನಿಯರು ಕುರ್ಚಿ ಎಳೆದುಕೊಂಡು ಹತ್ತಿರ ಬಂದ. ಅವನ ದನಿ ಮೆತ್ತಗಾಗಿತ್ತು. “ನೋಡಿ ಮೇಸ್ತ್ರಿಯಮ್ಮ, ನಿಮ್ಮ ಒಳ್ಳೇದಕ್ಕೇ ಹೇಳ್ತಿರೋದು. ಇಂಥ ಅವಕಾಶ ಊರಲ್ಲಿ ಯಾರಿಗೆ ಸಿಕ್ಕಿದೆ? ಮಾವನ ಹೆಸರು ಕಲ್ಲಲ್ಲಿ ಇರುತ್ತೆ. ನೀವು ಸಹಿ ಹಾಕದೇ ಇದ್ರೆ ಗಾಜು ನಿಲ್ಲುತ್ತಾ? ನಿಲ್ಲಲ್ಲ. ಒಂಬತ್ತನೇ ಅಂಕಣ ನೀವು ಬಿಚ್ಚದೇ ಇದ್ರೆ ಇನ್ಯಾರೋ ಬಿಚ್ತಾರೆ.”

“ಆವತ್ತೂ ಇದನ್ನೇ ಹೇಳಿದ್ರಿ ಸಾರ್.”

“ಆವತ್ತೂ ನಿಜಾನೇ ಹೇಳಿದ್ದು.”

ಪರದೆಯ ಮನುಷ್ಯ ಗಡಿಯಾರ ನೋಡಿಕೊಂಡ. ಏನೋ ಒಂದು ವಾಕ್ಯ ಹೇಳಿ, ಎರಡೂ ಕೈ ಜೋಡಿಸಿ ತಲೆಬಾಗಿದ. ಯಾರೋ ಹೇಳಿಕೊಟ್ಟಿದ್ದನ್ನು ತಪ್ಪಿಲ್ಲದೆ ಮಾಡಿದ ಮಗುವಿನ ಹಾಗೆ.

“ಏನಂತೆ?”

“ನಿಮ್ಮ ಪರಂಪರೆ ಮುಂದೆ ತಾನು ಬರೀ ವಿದ್ಯಾರ್ಥಿ ಅಂತಿದ್ದಾರೆ.”

ಅವಳು ಹಾಳೆಯನ್ನು ಮೇಜಿನ ಮೇಲೆ ಬೋರಲು ಹಾಕಿದಳು. ಹುಡುಗಿ ಪೆನ್ನು ಮುಂದೆ ಹಿಡಿದೇ ಇದ್ದಳು.

“ಅಕ್ಕಾ, ಏನು ಹೇಳ್ಲಿ ಅವರಿಗೆ?”

“ಸಹಿ ಹಾಕಲ್ಲ. ಒಂಬತ್ತನೇದನ್ನ ಬಿಚ್ಚಲ್ಲ. ನಮ್ಮ ಮಾವನ ಹೆಸರು ಎಲ್ಲೂ ಹಾಕಬೇಡಿ.”