ಒಂಬತ್ತರಲ್ಲಿ ಐದು ಸೊಪ್ಪು

ಅಮ್ಮ ಮಡಕೆಯ ಮುಚ್ಚಳ ತೆಗೆದರೆ ಬೆರಕೆ ಸೊಪ್ಪಿನ ವಾಸನೆ ಬೆಳ್ಳುಳ್ಳಿಯ ಜೊತೆ ಜಗಲಿಯವರೆಗೆ ಬರುತ್ತಿತ್ತು. ಸಾದಲಿಯ ನಮ್ಮ ತವರುಮನೆಯಲ್ಲಿ ರೇಷ್ಮೆ ಹುಳು ಸಾಕುತ್ತಿದ್ದೆವು. ಹುಳುವಿನ ವಾಸನೆಯೂ ಅದರ ಮುಂದೆ ಸೋಲುತ್ತಿತ್ತು. ಆ ವಾಸನೆ ಇನ್ನೂ ನೆನಪಿದೆ. ಯಾವ ಯಾವ ಸೊಪ್ಪು ಹಾಕುತ್ತಿದ್ದಳೆಂಬುದು ನೆನಪಿಲ್ಲ, ಕೇಳಲು ಅಮ್ಮನೂ ಇಲ್ಲ.

ಅಕ್ಕ ಆದಿಲಕ್ಷ್ಮಮ್ಮನಿಗೆ ಜ್ವರ ಬಿಟ್ಟರೂ ಊಟ ಸೇರುತ್ತಿಲ್ಲ. ಶಿಡ್ಲಘಟ್ಟದ ನಮ್ಮ ನಡುಮನೆಯಲ್ಲಿ ಮಲಗಿ, ಏನು ಕೊಟ್ಟರೂ ಮುಖ ತಿರುಗಿಸುತ್ತಾಳೆ. ಸೋಮವಾರದೊಳಗೆ ಊಟ ಮಾಡದಿದ್ದರೆ ಆಸ್ಪತ್ರೆಗೆ ಸೇರಿಸಿ ಎಂದಿದ್ದರು ಡಾಕ್ಟರು. ಸೂಜಿಯೆಂದರೆ ನಡುಗುವ ಅಕ್ಕ ಕೇಳಿದ್ದು ಒಂದೇ.

"ಅಮ್ಮನ ಸೊಪ್ಪಿನ ಸಾರು ಮಾಡ್ಕೊಡೇ ಅನಸೂಯಾ. ಐದು ಸೊಪ್ಪು ಹಾಕ್ತಿದ್ಳು."

ಯಾವ ಐದು? ಅಕ್ಕನ ಮಗ ಚನ್ನಕೇಶವ ಮಾರುಕಟ್ಟೆಯಿಂದ ಒಂಬತ್ತು ಬಗೆ ತಂದು ಸುರಿದ. ಕಾಯಿಲೆಯವರಿಗೆಂದು ತಿಳಿದು, ಸೊಪ್ಪು ಮಾರುವಾಕೆ ಬೇರುಗಳನ್ನು ತಾನೇ ಕತ್ತರಿಸಿ ಕೊಟ್ಟಿದ್ದಳು.

"ಒಂಬತ್ತರಲ್ಲಿ ಐದು ಆರಿಸೋಕೆ ನೂರ ಇಪ್ಪತ್ತಾರು ದಾರಿ ಇದೆ ಕಣಪ್ಪ" ಎಂದೆ. ಬಿ.ಎಸ್ಸಿ.ಯಲ್ಲಿ ಕಲಿತದ್ದು.

"ಅಣ್ಣೆ ಸೊಪ್ಪು ಮೊದ್ಲು ಹಾಕಿ ಚಕ್ಕೋತ ಸೊಪ್ಪು ಆಮೇಲೆ ಹಾಕಿದ್ರೆ ಅದು ಇನ್ನೊಂದಲ್ವಾ ಚಿಕ್ಕಮ್ಮ?"

"ಒಟ್ಟಿಗೆ ಬೇಯೋದಕ್ಕೆ ಯಾವ್ದು ಮೊದ್ಲು ಅಂತ ಯಾರು ಕೇಳ್ತಾರೆ? ಅವೇ ಐದಾದ್ರೆ ಅದೇ ಸಾರು."

"ಸದ್ಯ! ಇಲ್ದಿದ್ರೆ ಅಮ್ಮನ ಪಕ್ಕದ ಹಾಸಿಗೆ ನನಗೇ ಬೇಕಾಗ್ತಿತ್ತು."

ಅಕ್ಕನನ್ನೇ ಕೆದಕಿದೆ. ಅಣ್ಣೆ ಸೊಪ್ಪು ಇದ್ದೇ ಇತ್ತು ಎಂದಳು. ಉಳಿದ ಎಂಟರಲ್ಲಿ ನಾಲ್ಕು ಆರಿಸಿದರೆ ಸಾಕು, ಎಪ್ಪತ್ತಾಯಿತು. ದಂಟು ಅಮ್ಮನಿಗೆ ಆಗುತ್ತಿರಲಿಲ್ಲ ಎಂದಳು; ಮೂವತ್ತೈದಕ್ಕಿಳಿಯಿತು. ನನಗೆ ಹುರುಪು ಬಂತು.

ಶುಕ್ರವಾರ ಮಾಡಿದೆ. ನಾಲಿಗೆಗೆ ತಾಗಿಸಿ, "ಇದಲ್ಲ ಕಣೇ" ಎಂದಳು. ಶನಿವಾರ ಗೋಣಿ ಸೊಪ್ಪು ತೆಗೆದು ನುಗ್ಗೆ ಹಾಕಿದೆ. "ಇದೂ ಅಲ್ಲ." ಭಾನುವಾರ ಮಧ್ಯಾಹ್ನ ಇನ್ನೊಂದು. ಬಟ್ಟಲು ಪಕ್ಕಕ್ಕೆ ಸರಿಸಿ ಸೂರು ನೋಡುತ್ತಾ ಹೇಳಿದಳು:

"ಐದೋ, ಆರೋ. ಹಬ್ಬದ ದಿನ ಏಳು ಅಂತ ಕಾಣುತ್ತೆ."

ಸೌಟು ಕುಕ್ಕಿದೆ. "ಮೊದ್ಲೇ ಹೇಳೋಕೇನಾಗಿತ್ತು ನಿಂಗೆ? ತಿಂದ್ರೆ ತಿನ್ನು, ಇಲ್ಲಾಂದ್ರೆ ಆಸ್ಪತ್ರೆಗೆ ನಡಿ!"

"ನನ್ಮೇಲ್ಯಾಕೆ ಹಾರ್ತೀಯೇ? ಕಾಲೇಜು ಓದ್ದೋಳು ನೀನು."

ಅಡುಗೆಮನೆಯ ಬಾಗಿಲಲ್ಲಿ ಪಕ್ಕದ ಮನೆಯ ತಾಹಿರಾ ನಿಂತಿದ್ದಳು, ಸೆರಗಿನಲ್ಲಿ ಹಿಡಿದ ಸ್ಟೀಲ್ ಡಬ್ಬಿಯೊಂದಿಗೆ.

"ಮೂರು ದಿನದಿಂದ ನಿಮ್ಮನೇಲಿ ಪಾತ್ರೆ ಸದ್ದೇ ಕೇಳ್ತಿದೆ, ನೀವು ಉಂಡಂಗೆ ಕಾಣಲ್ಲ. ಇದು ನಿಮಗೆ ಆಂಟಿ. ಅವರಿಗಲ್ಲ."

ಅನ್ನ, ಪಾಲಕ್ ಹಾಕಿದ ಬೇಳೆ. ನನ್ನ ಒಂಬತ್ತರಲ್ಲಿ ಪಾಲಕ್ ಇರಲೇ ಇಲ್ಲ. ತಟ್ಟೆಗೆ ಬಡಿಸಿಕೊಂಡು, ಸಿಟ್ಟಿನಿಂದ ಅಕ್ಕನಿಗೆ ಬೆನ್ನು ಮಾಡಿ ಮಂಚದ ಪಕ್ಕ ನೆಲದ ಮೇಲೆ ಕುಳಿತೆ. ಕಲಸುವಾಗಲೇ ಹಸಿವೆಷ್ಟಿತ್ತೆಂದು ಗೊತ್ತಾಯಿತು.

"ಏನೇ ಅದು?"

"ಪಾಲಕ್."

"ಅಮ್ಮ ಪಾಲಕ್ ಮುಟ್ತಿರ್ಲಿಲ್ಲ."

"ಹೂಂ."

ನಾಲ್ಕು ತುತ್ತು ಉಂಡೆ. ಮಂಚ ಕಿರುಗುಟ್ಟಿತು. ಅಕ್ಕನ ಕಾಲುಗಳು ನೆಲಕ್ಕಿಳಿದವು, ಬಳೆ ಜಾರಿದ ಸಣಕಲು ಕೈ ನನ್ನ ಭುಜದ ಪಕ್ಕ ಬಂದು ನಿಂತಿತು.

ತಟ್ಟೆಯನ್ನು ಆ ಕೈಗೆ ಕೊಟ್ಟೆ.