ಜಾಹೀರಾತಿನ ವೇಳೆ ನಾನು ಕೇಳಿದ್ದು

ನಾನು ಹುರಿಗಡಲೆ ಗಾತ್ರದ ಒಂದು ಕಾಲರ್ ಮೈಕು. ಯಾವುದೋ ಕಾರ್ಖಾನೆಯಲ್ಲಿ ನೂರಾರು ಒಡಹುಟ್ಟಿದವರ ಜೊತೆ ಹುಟ್ಟಿ, ಹುಬ್ಬಳ್ಳಿಯ ಸಾಕ್ಷ್ಯಚಿತ್ರ ನಿರ್ಮಾಪಕರೊಬ್ಬರ ಚೀಲ ಸೇರಿದೆ. ಮನುಷ್ಯರನ್ನು ನಾನು ಕಂಡಿದ್ದೆಲ್ಲ ಗದ್ದದ ಕೆಳಗಿನಿಂದ. ಅಲ್ಲಿಂದ ನೋಡಿದರೆ ದೊಡ್ಡವರೂ ಅಷ್ಟೇನೂ ದೊಡ್ಡವರಾಗಿ ಕಾಣುವುದಿಲ್ಲ.

ನನ್ನನ್ನು ಹೆಚ್ಚು ತೊಟ್ಟವರು ಭೂವಿಜ್ಞಾನಿ ಡಾ. ಶ್ರೀಶೈಲ ಹಂಚಿನಾಳ. ಕಲ್ಲುಗಣಿಯ ವಿಷಯ ಬಂದರೆ ಟಿವಿಯವರಿಗೆ ಅವರೇ ಬೇಕು. ಒಮ್ಮೆ ಕರಿಗುಡ್ಡದಹಾಳ ಎಂಬ ಹಳ್ಳಿಯ ಹಿಂದೆ, ಗಣಿಯವರು ಸುರಿದ ಕಲ್ಲುಮಣ್ಣಿನ ಗುಡ್ಡೆಯ ಮುಂದೆ ನಿಂತು ಹೇಳಿದರು: "ಈ ಗುಡ್ಡೆ ಸದ್ಯಕ್ಕೆ ಜಾರುವುದಿಲ್ಲ. ಆದರೆ ಮಳೆಗಾಲದೊಳಗೆ ಕೆಳಗಿನ ಮನೆಗಳನ್ನು ಖಾಲಿ ಮಾಡಿಸಲೇಬೇಕು." ಎರಡೂ ಮಾತನ್ನು ನಾನು ಚಾಚೂ ತಪ್ಪದೆ ಒಪ್ಪಿಸಿದೆ. ಟಿವಿಯಲ್ಲಿ ಬಂದಿದ್ದು ಮೊದಲನೆಯದು ಮಾತ್ರ. ತಜ್ಞರ ಮಾತು ಇಷ್ಟೇ ಸಾಕು ಎಂದು ಎಡಿಟಿಂಗ್ ಕೋಣೆಯವರು ಉಳಿದದ್ದನ್ನು ಕತ್ತರಿಸಿದ್ದರು.

ಶ್ರಾವಣದ ಮಳೆಗೆ ಗುಡ್ಡೆ ಜಾರಿತು. ನೀಲವ್ವ ಎಂಬಾಕೆಯ ಮಗಳು ಮನೆಯೊಳಗೇ ಮಣ್ಣಾದಳು.

ಅಷ್ಟರಲ್ಲಿ ನಿರ್ಮಾಪಕರು ನನ್ನನ್ನು ಒಂದು ಸುದ್ದಿವಾಹಿನಿಗೆ ಮಾರಿದ್ದರು. ಆ ದುರಂತದ ಚರ್ಚೆಗೆ ಬಂದವರು ಮತ್ತೆ ಹಂಚಿನಾಳರೇ, ಪಕ್ಕದಲ್ಲಿ ನೀಲವ್ವ. ನಾನು ಹಂಚಿನಾಳರ ಕೋಟಿನ ಮೇಲಿದ್ದೆ. ಜಾಹೀರಾತು ಶುರುವಾದಾಗ ಆಕೆ ಕೇಳಿದಳು: "ಸಾಹೇಬ್ರ, ನೀವು ಟಿವಿಯಾಗ ಜಾರಂಗಿಲ್ಲ ಅಂದ್ರಿ. ಅದಕ್ಕ ನನ್ನ ಮಗಳು ಮನಿ ಬಿಡಲಿಲ್ಲ. ಯಾಕ ಹಂಗಂದ್ರಿ?"

ಅವರ ಎದೆ ಹೊಡೆದುಕೊಳ್ಳುವುದು ನನಗೆ ಕೇಳಿಸಿತು. "ಯವ್ವಾ, ಮನಿ ಖಾಲಿ ಮಾಡಸ್ರಿ ಅಂತನೂ ಹೇಳಿದ್ದೆ. ಅದನ್ನ ಕತ್ತರಿಸಿದ್ರು. ಅವತ್ತ ಟಿವಿಯಾಗ ನೋಡಿ ಸುಮ್ಮನಾದೆ. ತಕರಾರು ತಗದ್ರ ಮತ್ತ ಕರೆಯೂದಿಲ್ಲ ಅಂತ."

ನೀಲವ್ವ ಅಳಲಿಲ್ಲ. "ಊರಾಗ ಎಲ್ಲಾರೂ ಆಕಿದೇ ತಪ್ಪು, ಹುಚ್ಚಿ ಅಂತಾರ. ಈಗ ಎಲ್ಲಾರಿಗೂ ಕೇಳೂಹಂಗ ಹೇಳ್ರಿ, ನಿಮ್ಮನ್ನ ನಂಬಿದ್ಲು ಅಂತ."

ಅವರು ಹೂಂ ಎಂದು ತಲೆಯಾಡಿಸಿದರು. ಜಾಹೀರಾತು ಮುಗಿಯಿತು. ನಿರೂಪಕಿ ಕೇಳುತ್ತಲೇ ನಮ್ಮ ತಜ್ಞರು ಶುರು ಮಾಡಿದರು: "ನೋಡಿ, ಇದಕ್ಕೆ ಹಲವು ಆಯಾಮಗಳಿವೆ..." ಜಾಹೀರಾತಿನ ವೇಳೆ ನಮ್ಮ ದನಿ ಮುಚ್ಚಿರುತ್ತಾರೆ. ಹಾಗಾಗಿ ನಿಜವಾದ ಮಾತು ನನ್ನಲ್ಲೇ ಉಳಿಯಿತು.

ಈಗ ನನ್ನ ತಂತಿ ಹರಿದಿದೆ. ಕೆಟ್ಟ ಮೈಕುಗಳ ರಟ್ಟಿನ ಪೆಟ್ಟಿಗೆಯಲ್ಲಿ ಬಿದ್ದಿದ್ದೇನೆ. ಹೊರಗಿನ ಟಿವಿಯಲ್ಲಿ ವಾರಕ್ಕೆರಡು ಬಾರಿ ಹಂಚಿನಾಳರ ದನಿ ಕೇಳಿಸುತ್ತದೆ. ಅಂದು ಚರ್ಚೆ ಮುಗಿದ ಮೇಲೆ ನೀಲವ್ವ ಅವರ ಮುಖ ನೋಡಲಿಲ್ಲ. ಕೋಟಿನ ಮೇಲಿದ್ದ ನನ್ನತ್ತ ಬಾಗಿ, ಊರಿಗೆಲ್ಲ ಕೇಳಲಿ ಎಂಬಂತೆ ನಿಧಾನವಾಗಿ, "ನನ್ನ ಮಗಳು ಹುಚ್ಚಿ ಅಲ್ಲ" ಅಂದಳು.

ನನ್ನನ್ನು ಆಗಲೇ ಆಫ್ ಮಾಡಿದ್ದರು.